ಮುಖಬಂಧ ಮತ್ತು ಖಲೀನಬಂಧ: ಅಶ್ವಶಿಕ್ಷಣದ ಎರಡು ಶಬ್ದಗಳ ವಿಚಾರ

1

ಪ್ರಾಚೀನ ಗ್ರಂಥಗಳ ಸಂಪಾದನೆಯಲ್ಲಿ ತೊಡಗಿದವರಿಗೆ ತತ್ತ್ವವಿಚಾರದ ಭಾಗಗಳಿಗಿಂತ ಲೋಕವ್ಯವಹಾರದ ಭಾಗಗಳೇ ಹೆಚ್ಚು ತೊಡಕನ್ನುಂಟುಮಾಡುತ್ತವೆ. ತತ್ತ್ವದ ಪಾರಿಭಾಷಿಕ ಶಬ್ದಗಳಿಗೆ ವ್ಯಾಖ್ಯಾನಗಳ ಅವಿಚ್ಛಿನ್ನ ಪರಂಪರೆಯಿದೆ. ಆದರೆ ಲಾಯ, ಕೊಟ್ಟಿಗೆ, ಅಡುಗೆಮನೆಗಳ ಶಬ್ದಗಳನ್ನು ವ್ಯಾಖ್ಯಾನಕಾರರು 'ಪ್ರಸಿದ್ಧವೇ' ಎಂದು ಬಿಟ್ಟುಬಿಡುವುದುಂಟು. ಅವರ ಕಾಲಕ್ಕೆ ಪ್ರಸಿದ್ಧವಾಗಿದ್ದುದು ನಮ್ಮ ಕಾಲಕ್ಕೆ ಅಪ್ರಸಿದ್ಧವಾಗಿದೆ. ಹೀಗಾದಾಗ ಸಂಪಾದಕನು ನಿಘಂಟನ್ನು ನೋಡಿ ಸಮೀಪದ ಅರ್ಥವೊಂದನ್ನು ಬರೆದು ಮುಂದೆ ಸಾಗುತ್ತಾನೆ.

ಇಂತಹ ತಪ್ಪನ್ನು ನಾನೂ ಮಾಡಿದ್ದೇನೆ. ಅನೇಕ ವರ್ಷಗಳ ಹಿಂದೆ ಆಗಮಕಥೆಗಳ ಕನ್ನಡ ಸಂಗ್ರಹವೊಂದಕ್ಕೆ ಟಿಪ್ಪಣಿಗಳನ್ನು ಬರೆಯುವಾಗ 'ಮುಖಬಂಧ', 'ಖಲೀನಬಂಧ' ಎಂಬ ಎರಡು ಶಬ್ದಗಳಿಗೂ 'ಕಡಿವಾಣ' ಎಂಬ ಒಂದೇ ಅರ್ಥವನ್ನು ಕೊಟ್ಟಿದ್ದೆನು. ಒಂದೇ ವಾಕ್ಯದಲ್ಲಿ ಸೂತ್ರಕಾರರು ಎರಡು ಶಬ್ದಗಳನ್ನು ಬೇರೆ ಬೇರೆಯಾಗಿ ಏಕೆ ಹೇಳಿದರೆಂಬ ಪ್ರಶ್ನೆ ಅಂದು ನನಗೆ ಹೊಳೆಯಲಿಲ್ಲ. ಅದು ಹೊಳೆದದ್ದು ಗ್ರಂಥಭಂಡಾರದಲ್ಲಿ ಅಲ್ಲ, ಶ್ರವಣಬೆಳಗೊಳಕ್ಕೆ ಹೋಗುವ ದಾರಿಯಲ್ಲಿ, ಹಿರೀಸಾವೆಯ ಸಮೀಪದ ಒಂದು ಕುದುರೆಯ ಮುಂದೆ. ಆ ತಪ್ಪನ್ನು ತಿದ್ದಿಕೊಳ್ಳುವುದೂ, ಆ ತಿದ್ದುಪಡಿಯಿಂದ ದೊರೆಯುವ ಕೆಲವು ಸಂಗತಿಗಳನ್ನು ವಿದ್ವಾಂಸರ ಮುಂದಿಡುವುದೂ ಪ್ರಕೃತ ಲೇಖನದ ಉದ್ದೇಶ.

2

ಶ್ವೇತಾಂಬರ ಆಗಮಗಳಲ್ಲಿ ಆರನೆಯ ಅಂಗವಾದ ಜ್ಞಾತಾಧರ್ಮಕಥೆಯ ಹದಿನೇಳನೆಯ ಅಧ್ಯಯನಕ್ಕೆ 'ಆಇಣ್ಣ' ಎಂದು ಹೆಸರು. ಸಂಸ್ಕೃತದಲ್ಲಿ ಇದು 'ಆಕೀರ್ಣ', ಎಂದರೆ ಜಾತ್ಯಶ್ವ. ದಿಗಂಬರ ಪರಂಪರೆಯು ಆರನೆಯ ಅಂಗದ ಹೆಸರನ್ನು ಸ್ಮರಿಸುತ್ತದೆಯಾದರೂ ಅಂಗಗ್ರಂಥಗಳು ಈಗಿರುವ ರೂಪದಲ್ಲಿ ಮೂಲವೆಂದು ಒಪ್ಪುವುದಿಲ್ಲ. ಆ ಚರ್ಚೆ ಇಲ್ಲಿ ಅಪ್ರಸ್ತುತ. ಪ್ರಾಚೀನ ಭಾರತದಲ್ಲಿ ಕಾಡುಕುದುರೆಯನ್ನು ಪಳಗಿಸುತ್ತಿದ್ದ ಕ್ರಮಕ್ಕೆ ಸಾಕ್ಷ್ಯವಾಗಿ ಆ ಅಧ್ಯಯನವು ಉಭಯ ಪರಂಪರೆಯವರಿಗೂ ಗ್ರಾಹ್ಯವೇ ಆಗಿದೆ.

ಕಥೆಯ ಸಾರ ಹೀಗಿದೆ. ಹಸ್ತಿಶೀರ್ಷ ನಗರದ ನೌಕಾವಣಿಜರು ಬಿರುಗಾಳಿಗೆ ಸಿಕ್ಕಿ ಕಾಲಿಕದ್ವೀಪವನ್ನು ಸೇರುತ್ತಾರೆ. ಅಲ್ಲಿ ಚಿನ್ನದ ಗಣಿಗಳನ್ನೂ ಬಹುವರ್ಣದ ಕುದುರೆಗಳನ್ನೂ ಕಾಣುತ್ತಾರೆ. ಮನುಷ್ಯರ ವಾಸನೆ ತಾಗಿದೊಡನೆ ಕುದುರೆಗಳು ದೂರ ಓಡುತ್ತವೆ. ಹಿಂತಿರುಗಿದ ವಣಿಜರಿಂದ ಈ ವಿಷಯವನ್ನು ತಿಳಿದ ಕನಕಕೇತು ರಾಜನು ಕುದುರೆಗಳನ್ನು ತರಲು ಅವರನ್ನೇ ಮತ್ತೆ ಕಳುಹಿಸುತ್ತಾನೆ. ಈ ಸಲ ಅವರು ಒಯ್ಯುವುದು ಬಲವನ್ನಲ್ಲ, ಪ್ರಲೋಭನವನ್ನು. ಕಿವಿಗೆ ವೀಣೆಯ ನಾದ, ಕಣ್ಣಿಗೆ ಬಣ್ಣದ ಪ್ರತಿಮೆಗಳು, ಮೂಗಿಗೆ ಸುಗಂಧ, ನಾಲಗೆಗೆ ಸಕ್ಕರೆ, ಮೈಗೆ ಮೃದುವಾದ ಹಾಸು. ಇವುಗಳಿಗೆ ಮನಸೋತ ಕುದುರೆಗಳು ಸೆರೆಯಾಗುತ್ತವೆ. ಮನಸೋಲದವು ದೂರದ ಹುಲ್ಲುಗಾವಲಿಗೆ ಹೋಗಿ ಸ್ವತಂತ್ರವಾಗಿ ಉಳಿಯುತ್ತವೆ.

ಸೆರೆಯಾದ ಕುದುರೆಗಳನ್ನು ಅಶ್ವಶಿಕ್ಷಕರು ಪಳಗಿಸುವ ಭಾಗವೇ ನಮಗೆ ಮುಖ್ಯವಾದುದು. ಅಲ್ಲಿ ಬಂಧಗಳ ಒಂದು ಪಟ್ಟಿಯಿದೆ. ಮೊದಲು ಮುಖಬಂಧ, ಬಳಿಕ ಕಿವಿ, ಮೂಗು, ಬಾಲದ ಕೂದಲು, ಗೊರಸುಗಳ ಬಂಧಗಳು, ಅನಂತರ ಖಲೀನಬಂಧ, ಬಳಿಕ 'ಅಹಿಲಾಣ' ಎಂಬ ಇನ್ನೊಂದು ಮುಖಸಂಯಮನ, ಆಮೇಲೆ ಬೆನ್ನಿನ ಸಾಧನಗಳು, ಕಡೆಯಲ್ಲಿ ಬೆತ್ತ, ಚಾವಟಿಗಳ ಹೊಡೆತ. ವಿಷಯಾಸಕ್ತಿಯ ಫಲವು ಬಂಧನ ಎಂಬ ಉಪದೇಶಕ್ಕೆ ದೃಷ್ಟಾಂತವಾಗಿ ಕಥೆ ಮುಗಿಯುತ್ತದೆ.

ಈ ಪಟ್ಟಿಯನ್ನು ಆಗಮಶೈಲಿಯ ಪರ್ಯಾಯಪದಗಳ ರಾಶಿಯೆಂದು ಭಾವಿಸುವುದು ಸಹಜ. ಅಂತಹ ರಾಶಿಗಳನ್ನು ಲಿಪಿಕಾರರು 'ಜಾವ' (ಯಾವತ್) ಎಂಬ ಒಂದು ಶಬ್ದದಿಂದ ಸಂಕ್ಷೇಪಿಸುವ ರೂಢಿಯೂ ಉಂಟು. ಆದರೆ ಈ ಪಟ್ಟಿಯು ಪರ್ಯಾಯಗಳ ರಾಶಿಯಲ್ಲ, ಒಂದು ಕ್ರಿಯೆಯ ಕ್ರಮ ಎಂಬುದು ನನ್ನ ಈಗಿನ ಅಭಿಪ್ರಾಯ.

3

ಬೆಂಗಳೂರಿನಿಂದ ಕುಣಿಗಲ್ಲು, ಬೆಳ್ಳೂರು ಮಾರ್ಗವಾಗಿ ಬರುವ ಯಾತ್ರಿಕರು ಹೆದ್ದಾರಿಯನ್ನು ಬಿಟ್ಟು ಶ್ರವಣಬೆಳಗೊಳದ ಕಡೆಗೆ ತಿರುಗುವುದು ಚನ್ನರಾಯಪಟ್ಟಣ ತಾಲ್ಲೂಕಿನ ಹಿರೀಸಾವೆಯಲ್ಲಿ. ದಾರಿಯಲ್ಲಿ ಸಿಕ್ಕುವ ಕುಣಿಗಲ್ಲಿನ ಕುದುರೆ ಫಾರಂ ಟಿಪ್ಪು ಸುಲ್ತಾನನ ಕಾಲದಿಂದ ಹೆಸರಾದುದು. ಕೆಲವು ವರ್ಷಗಳ ಹಿಂದೆ ಹಿರೀಸಾವೆಯ ಸಮೀಪದ ಹಳ್ಳಿಯೊಂದರಲ್ಲಿ ವಾಹನಕ್ಕಾಗಿ ಕಾಯುತ್ತಿದ್ದಾಗ, ಮದುವೆಯ ಮೆರವಣಿಗೆಗಳಿಗೆ ಕುದುರೆಯನ್ನು ಒದಗಿಸುವ ವೃದ್ಧರೊಬ್ಬರು ತಮ್ಮ ಕುದುರೆಗೆ ಹೊಸ ಬಗೆಯ ಮೊಗಹಗ್ಗವನ್ನು ಒಗ್ಗಿಸುತ್ತಿದ್ದುದನ್ನು ಕಂಡೆನು. ಅದುವರೆಗೆ ಆ ಕುದುರೆಗೆ ಕಬ್ಬಿಣದ ಕಡಿವಾಣವಷ್ಟೇ ಗೊತ್ತಿತ್ತು. ಮನೆಯಲ್ಲಿ ಕಟ್ಟುವಾಗಲೂ ಅದನ್ನೇ ಹಾಕುತ್ತಿದ್ದರಂತೆ. ಬಾಯ ಅಂಚು ಹುಣ್ಣಾದುದರಿಂದ, ಬಾಯೊಳಗೆ ಏನನ್ನೂ ಇಡದೆ ಮೋರೆಯನ್ನು ಮಾತ್ರ ಸುತ್ತುವ ಅಗಲಪಟ್ಟಿಯ ಮೊಗಹಗ್ಗವನ್ನು ತರಿಸಿದ್ದರು.

ಅವರ ಕ್ರಮವನ್ನು ವಿವರವಾಗಿ ಹೇಳುವುದು ಉಚಿತ. ಹಗ್ಗವನ್ನು ಅವರು ಕುದುರೆಯ ಎದುರಿನಿಂದ ತರಲಿಲ್ಲ. ಕುದುರೆಯ ಕಣ್ಣುಗಳು ತಲೆಯ ಎರಡು ಪಕ್ಕಗಳಲ್ಲಿರುವುದರಿಂದ ಹಣೆಯ ನೇರ ಮುಂದೆ, ಮೂಗಿನ ಕೆಳಗೆ, ಬೆನ್ನ ಹಿಂದೆ ಇರುವುದು ಅದಕ್ಕೆ ಕಾಣದು. ಕಾಣದೆಡೆಯಿಂದ ಬಂದ ವಸ್ತುವಿಗೆ ಅದು ಬೆದರುತ್ತದೆ. ಅವರು ಎಡಭುಜದ ಬಳಿ ನಿಂತು ಹಗ್ಗವನ್ನು ಮೊದಲು ಮೂಸಲು ಕೊಟ್ಟರು. ಬಳಿಕ ಕುತ್ತಿಗೆಗೆ, ಕೆನ್ನೆಗೆ ಒರಸಿದರು. ಕುದುರೆ ತಲೆ ಎತ್ತಿದಾಗ ಕೈ ನಿಂತಿತು. ತಲೆ ತಗ್ಗಿಸಿದಾಗ ಹಗ್ಗ ಹಿಂದಕ್ಕೆ ಹೋಯಿತು. ಹಗ್ಗ ದೂರವಾಗುವುದೇ ತಲೆ ತಗ್ಗಿಸಿದ್ದಕ್ಕೆ ಬಹುಮಾನ. ಅನಂತರ ಮೂಗಿನ ಪಟ್ಟಿಯೊಳಗೆ ಮೋರೆಯನ್ನು ತೂರಿಸಿ ಕೂಡಲೇ ತೆಗೆದರು. ಮೂರನೆಯ ಸಲ ಮಾತ್ರ ಕಿವಿಯ ಹಿಂದಿನ ಪಟ್ಟಿಯನ್ನು ಬಿಗಿದರು, ಅದೂ ಎರಡು ಬೆರಳು ಆಡುವಷ್ಟು ಸಡಿಲವಾಗಿ. ಗೂಟಕ್ಕೆ ಕಟ್ಟುವ ಮಾತು ಆ ದಿನ ಇರಲಿಲ್ಲ.

ಮೂಗಿನ ಪಟ್ಟಿಯನ್ನು ಅಷ್ಟು ಮೇಲಕ್ಕೆ, ಕೆನ್ನೆಯೆಲುಬಿನ ಸಮೀಪಕ್ಕೆ ಏಕೆ ಇಟ್ಟಿರೆಂದು ಕೇಳಿದೆನು. ಕೆಳಗಿನ ಎಲುಬು ಎಳಸೆಂದೂ, ಅಲ್ಲಿ ಒತ್ತಿದರೆ ಉಸಿರು ಕಟ್ಟುವುದೆಂದೂ ಹೇಳಿದರು. ಇದು ನಿಜ. ಮೂಗಿನೆಲುಬಿನ ಕೆಳತುದಿಯು ತೆಳುವಾಗಿ ಮೃದ್ವಸ್ಥಿಯಲ್ಲಿ ಮುಗಿಯುತ್ತದೆ. ಕುದುರೆಯು ಬಾಯಿಂದ ಉಸಿರಾಡಲಾರದು, ಮೂಗೊಂದೇ ಅದರ ಶ್ವಾಸಮಾರ್ಗ. ಕಡಿವಾಣವಾದರೋ ಬಾಯೊಳಗೆ ಮುಂಬಲ್ಲು ಮತ್ತು ದವಡೆಹಲ್ಲುಗಳ ನಡುವೆ ಹಲ್ಲಿಲ್ಲದ ಎಡೆಯಲ್ಲಿ ಕೂರುತ್ತದೆ. ಎರಡರ ಸ್ಥಾನವೂ ಬೇರೆ, ನೋವಿನ ಬಗೆಯೂ ಬೇರೆ, ಕಲಿಸುವ ಪಾಠವೂ ಬೇರೆ. ಕುದುರೆಯ ಸ್ವಭಾವವು ಒತ್ತಿದ ಕಡೆಗೆ ಎದುರೊತ್ತುವುದು. ಒತ್ತಡಕ್ಕೆ ಒಪ್ಪಿಕೊಡುವುದನ್ನು ಅದು ಕಲಿಯಬೇಕು. ಆ ಪಾಠ ಕಲಿಯುವ ಮೊದಲೇ ಗೂಟಕ್ಕೆ ಕಟ್ಟಿದರೆ ಹಿಂದಕ್ಕೆ ಜಗ್ಗಿ ಕುತ್ತಿಗೆಯನ್ನು ಕೆಡಿಸಿಕೊಳ್ಳುತ್ತದೆ.

ಹೊರಡುವಾಗ ಆ ವೃದ್ಧರು ಹೇಳಿದ ಮಾತು ಇದು: "ಮೊದ್ಲು ಮೊಗಕ್ಕೆ ಹಗ್ಗ ಒಗ್ಬೇಕು ಸ್ವಾಮಿ, ಆಮೇಲೆ ಬಾಯಿಗೆ ಕಬ್ಣ. ನಾವು ಹಿಂದುಮುಂದು ಮಾಡಿದ್ವಿ, ಅದ್ಕೆ ಈಗ ಹೊಸದಾಗಿ ಕಲಿಸ್ತಿದೀವಿ." ಆಗಮದ ಪಟ್ಟಿಯಲ್ಲಿ ಮುಖಬಂಧವು ಮೊದಲೂ ಖಲೀನಬಂಧವು ಅನಂತರವೂ ಬಂದಿರುವುದರ ಕಾರಣ ನನಗೆ ಆಗ ತಿಳಿಯಿತು. ಬೆನ್ನಿನ ಸಾಧನವು ಅವೆರಡರ ಬಳಿಕವೇ ಬರುವುದೂ ಲಾಯದ ಕ್ರಮಕ್ಕೆ ಅನುಗುಣವಾಗಿದೆ.

4

ಇನ್ನು ಶಬ್ದಗಳ ವಿಚಾರ. 'ಖಲೀನ' ಎಂಬುದು ಅಮರಕೋಶದಲ್ಲಿ 'ಕವಿಕಾ' ಶಬ್ದದೊಡನೆ ಬರುತ್ತದೆ. ಇದು ಗ್ರೀಕ್ ಭಾಷೆಯ 'ಖಲಿನೋಸ್' ಎಂಬ ಶಬ್ದದಿಂದ ಬಂದುದೆಂದು ಭಾಷಾಶಾಸ್ತ್ರಜ್ಞರು ಸಾಮಾನ್ಯವಾಗಿ ಒಪ್ಪಿದ್ದಾರೆ. ವಾಯವ್ಯದ ಕುದುರೆಗಳೊಡನೆ ಅಲ್ಲಿನ ಲೋಹದ ಸಾಧನವೂ, ಸಾಧನದೊಡನೆ ಅದರ ಹೆಸರೂ ಬಂದಿರಬೇಕು. ಹೀಗೆ ನೋಡಿದರೆ ಖಲೀನವೂ ಒಂದು ಕಾಲಕ್ಕೆ ಈ ದೇಶದ ಕುದುರೆಗಳಿಗೆ 'ಹೊಸ ಬಗೆಯ' ಬಂಧವೇ ಆಗಿದ್ದಿತು. ಮುಖಬಂಧವಾದರೋ ದೇಶೀಯವಾದ ಸರಳ ಸಮಾಸ. ಕಾಲಾಂತರದಲ್ಲಿ ಪಾರಸೀಕದ 'ಲಗಾಮು' ಅದೇ ರೀತಿ ಬಂದು ಕನ್ನಡದಲ್ಲಿ ನೆಲೆಸಿತು. ನಮ್ಮ 'ಕಡಿವಾಣ'ದಲ್ಲಿ ಕಚ್ಚುವ ಅರ್ಥದ 'ಕಡಿ' ಧಾತುವು ಸ್ಪಷ್ಟವಾಗಿರುವುದರಿಂದ ಅದು ಬಾಯೊಳಗಿನ ಸಾಧನಕ್ಕೇ ಸಲ್ಲತಕ್ಕದ್ದು, ಮೊಗಹಗ್ಗಕ್ಕೆ ಸಲ್ಲದು. 'ವಾಘೆ'ಯು ಸಂಸ್ಕೃತದ 'ವಲ್ಗಾ' ಶಬ್ದಕ್ಕೆ ಸಂಬಂಧಿಸಿ ಸವಾರನ ಕೈಯಲ್ಲಿರುವ ಪಟ್ಟಿಯನ್ನು ಹೇಳುತ್ತದೆ. 'ಪರ್ಯಾಣ'ವು ಪಲ್ಲಣವಾಗಿ, ಹಲ್ಲಣವಾಗಿ ಬೆನ್ನಿನ ಸಾಧನವಾಯಿತು. ಎತ್ತಿನ 'ಮೂಗುದಾರ'ವು ಮೂಗನ್ನು ಚುಚ್ಚಿ ಹಾಯಿಸುವಂತಹುದು. ಆಗಮದ 'ನಾಸಾಬಂಧ'ವನ್ನು ಅದರೊಡನೆ ಸಮೀಕರಿಸಲಾಗದು.

ಕುದುರೆಯ ವಿಷಯದಲ್ಲಿ ಜೈನ ವಿದ್ವಾಂಸರ ಆಸಕ್ತಿ ಆಕಸ್ಮಿಕವಲ್ಲ. ಸೋಮದೇವಸೂರಿಯು ಯಶಸ್ತಿಲಕದಲ್ಲಿಯೂ (959) ನೀತಿವಾಕ್ಯಾಮೃತದಲ್ಲಿಯೂ ಅಶ್ವಲಕ್ಷಣ ಮತ್ತು ಅಶ್ವಬಲಗಳನ್ನು ವಿವರಿಸಿದ್ದಾನೆ. ಹೇಮಚಂದ್ರನ ಅಭಿಧಾನಚಿಂತಾಮಣಿಯು ಸೇರಾಹ, ವೊಲ್ಲಾಹ, ಉರಾಹ ಮೊದಲಾದ, ಸಂಸ್ಕೃತಕ್ಕೆ ಹೊರಗಿನಿಂದ ಬಂದ ವರ್ಣನಾಮಗಳನ್ನು ಸಂಗ್ರಹಿಸಿದೆ. ಇವು ಕುದುರೆವ್ಯಾಪಾರಿಗಳ ಬಾಯಿಂದ ಬಂದ ಶಬ್ದಗಳೆಂಬುದರಲ್ಲಿ ಸಂಶಯವಿಲ್ಲ. ಕನ್ನಡದಲ್ಲಿ ಕೀರ್ತಿವರ್ಮನ ಗೋವೈದ್ಯದ ಬಳಿಕ ಅಭಿನವಚಂದ್ರನ ಅಶ್ವವೈದ್ಯವು (ಸುಮಾರು 1400), ಮೈಸೂರಿನ ಚಾಮರಾಜ ಒಡೆಯರ (1617-1637) ಕಾಲಕ್ಕೆ ಪದ್ಮಣಪಂಡಿತನ ಹಯಸಾರಸಮುಚ್ಚಯವು ರಚಿತವಾದುವು.

ಇಂತಹ ಗ್ರಂಥಗಳ ತಾಡಪತ್ರಪ್ರತಿಗಳನ್ನು ಓದುವವರು ಒಂದು ಸಂಗತಿಯನ್ನು ಗಮನಿಸಬೇಕು. ಪ್ರಾಕೃತರೂಪ 'ಖಲಿಣ', ಸಂಸ್ಕೃತರೂಪ 'ಖಲೀನ'. ಓಲೆಗಳಲ್ಲಿ ಇಕಾರ-ಈಕಾರಗಳ ಭೇದವನ್ನು ಲಿಪಿಕಾರರು ಎಷ್ಟೋ ಕಡೆ ಲಕ್ಷಿಸಿಲ್ಲ. ಮಹಾಪ್ರಾಣವೂ ಜಾರಿಹೋದರೆ ಉಳಿಯುವ ರೂಪವನ್ನು ಶೂರಾರ್ಥದ 'ಕಲಿ' ಶಬ್ದದ ವಿಭಕ್ತಿರೂಪವೆಂದು ಭ್ರಮಿಸಲು ಅವಕಾಶವಿದೆ. ವೀರರ ಮತ್ತು ಕುದುರೆಗಳ ಪ್ರಸಂಗ ಒಂದೆಡೆ ಬಂದಾಗ ಈ ಭ್ರಮೆಗೆ ಸಂದರ್ಭವೂ ಪೋಷಕವಾಗುತ್ತದೆ. ಅಂತಹ ಕಡೆ ಮುಖ, ದಂತ, ವಲ್ಗಾ ಮುಂತಾದ ಸಹಚರಪದಗಳನ್ನು ನೋಡಿ ನಿರ್ಣಯಿಸುವುದು ಕ್ಷೇಮ.

5

ಹಿರೀಸಾವೆಯಿಂದ ಬೆಳಗೊಳವನ್ನು ಸೇರಿ ಚಂದ್ರಗಿರಿಯನ್ನು ಏರಿದರೆ ಅಶ್ವವಿದ್ಯೆಯ ಎರಡು ಶಿಲಾಸಾಕ್ಷ್ಯಗಳು ಕಾಣಸಿಗುತ್ತವೆ.

ಮೊದಲನೆಯದು ತೇರಿನ ಬಸದಿಯ ಬಳಿಯ, ಸುಮಾರು ಹತ್ತನೆಯ ಶತಮಾನದ ಮಧ್ಯಭಾಗದ ವೀರಗಲ್ಲು. ಬಗೆಯೂರ ಯುದ್ಧದಲ್ಲಿ ಮಡಿದ ಸಾವಿಯಬ್ಬೆಯ ಸ್ಮಾರಕವಿದು. ಕುದುರೆಯನ್ನೇರಿದ ಸ್ತ್ರೀಯು ಖಡ್ಗವನ್ನೆತ್ತಿ ಆನೆಯ ಮೇಲಿನ ಭಟನನ್ನು ಎದುರಿಸುವ ಚಿತ್ರ ಅದರಲ್ಲಿದೆ. ಒಂದು ಕೈ ಖಡ್ಗಕ್ಕೆ ಮೀಸಲಾದ ಮೇಲೆ ಕುದುರೆಯನ್ನು ನಡೆಸಲು ಉಳಿಯುವುದು ಇನ್ನೊಂದೇ ಕೈ. ಆನೆಯ ಎದುರಿನಲ್ಲಿ ಒಂದು ಕೈಯ ವಾಘೆಗೆ ಓಗೊಡುವ ಕುದುರೆಯು ಎಷ್ಟು ಕಾಲ ಶಿಕ್ಷಣ ಪಡೆದಿರಬೇಕೆಂಬುದನ್ನು ನೋಡುವವರು ಊಹಿಸಬಹುದು.

ಎರಡನೆಯದು ಗಂಧವಾರಣ ಬಸದಿಯ ಬಳಿಯ ಕಂಬದಲ್ಲಿರುವ, ರಾಷ್ಟ್ರಕೂಟ ವಂಶದ ನಾಲ್ಕನೆಯ ಇಂದ್ರರಾಜನ ನಿಷಿಧಿಶಾಸನ. ಮುಮ್ಮಡಿ ಕೃಷ್ಣನ ಮೊಮ್ಮಗನಾದ ಈತನು ರಾಜ್ಯವನ್ನು ಕಳೆದುಕೊಂಡ ಬಳಿಕ ಶಕ 904ರಲ್ಲಿ (982) ಇಲ್ಲಿ ಸಲ್ಲೇಖನದಿಂದ ದೇಹತ್ಯಾಗ ಮಾಡಿದನು. ಅದು ಗೊಮ್ಮಟಮೂರ್ತಿಯ ನಿರ್ಮಾಣದ ಕಾಲವೂ ಹೌದು. ಲೂಯಿ ರೈಸರು 1889ರಲ್ಲಿಯೂ, ಆರ್. ನರಸಿಂಹಾಚಾರ್ಯರು 1923ರ ಪರಿಷ್ಕೃತ ಆವೃತ್ತಿಯಲ್ಲಿಯೂ ಪ್ರಕಟಿಸಿದ ಈ ಶಾಸನದ ವಿಶೇಷವೆಂದರೆ, ಅದರ ಬಹುಭಾಗವು ಕುದುರೆಯ ಮೇಲಿನ ಚೆಂಡಾಟದಲ್ಲಿ ಇಂದ್ರರಾಜನಿಗಿದ್ದ ನೈಪುಣ್ಯದ ವರ್ಣನೆಗೆ ಮೀಸಲಾಗಿರುವುದು. ಒಳಸುತ್ತು, ಹೊರಸುತ್ತು, ಎಡ, ಬಲಗಳ ಗತಿಭೇದಗಳನ್ನು ಶಾಸನಕವಿಯು ಆಟವನ್ನು ಬಲ್ಲವನಂತೆ ಹೇಳುತ್ತಾನೆ. ಚೆಂಡು ಎಷ್ಟು ಚಿಕ್ಕದಾದರೂ, ಕೋಲು ಎಷ್ಟು ಗಿಡ್ಡದಾದರೂ, ಕುದುರೆ ಎಷ್ಟು ಎತ್ತರವಾದರೂ, ಮಂಡಲ ಎಷ್ಟು ವಿಸ್ತಾರವಾದರೂ ಆತನು ಹಿಂಜರಿಯನೆಂಬ ಅತಿಶಯೋಕ್ತಿಯೂ ಅಲ್ಲಿದೆ. ಮುಂದೆ ಕಲ್ಯಾಣದ ಮೂರನೆಯ ಸೋಮೇಶ್ವರನು ಮಾನಸೋಲ್ಲಾಸದಲ್ಲಿ ವಾಜಿವಾಹ್ಯಾಳಿ ವಿನೋದವೆಂಬ ಹೆಸರಿನಲ್ಲಿ ಈ ಬಗೆಯ ಆಟವನ್ನು ಶಾಸ್ತ್ರೀಯವಾಗಿ ನಿರೂಪಿಸಿದನು.

ಸಲ್ಲೇಖನದ ಸ್ಮಾರಕದಲ್ಲಿ ಚೆಂಡಾಟದ ವರ್ಣನೆ ಏಕೆ ಎಂಬ ಶಂಕೆ ಓದುಗರಿಗೆ ಬರುವುದು ಸಹಜ. ಅರಸನ ಯೌವನದ ಕೀರ್ತಿಯನ್ನು ಸ್ಮರಿಸುವುದು ಪ್ರಶಸ್ತಿಯ ಪದ್ಧತಿಯೆಂಬ ಸಮಾಧಾನವು ಸಾಕಾಗಬಹುದು. ಆದರೆ ಜೈನ ಶ್ರೋತೃವಿಗೆ ಅದರ ಧ್ವನಿ ಇನ್ನೂ ದೂರ ಹೋಗುತ್ತದೆ. ಸಮಾಧಿಮರಣದ ಆಕರಗ್ರಂಥವಾದ ಭಗವತೀ ಆರಾಧನೆಯು ಇಂದ್ರಿಯಗಳನ್ನು ದುರ್ದಾಂತವಾದ ಕುದುರೆಗಳೆಂದೂ, ಅವುಗಳನ್ನು ನಿಗ್ರಹಿಸುವ ದಮ ಮತ್ತು ಜ್ಞಾನಗಳನ್ನು ಖಲೀನವೆಂದೂ ಹೇಳುತ್ತದೆ. ಈ ಗ್ರಂಥವು ಕನ್ನಡನಾಡಿಗೆ ಎಷ್ಟು ಪರಿಚಿತವಾಗಿದ್ದಿತೆಂಬುದಕ್ಕೆ ಅದರ ಕಥಾಪರಂಪರೆಯಿಂದ ಹುಟ್ಟಿದ ವಡ್ಡಾರಾಧನೆಯೇ ಸಾಕ್ಷಿ. ಹೊರಗಿನ ಕುದುರೆಯನ್ನು ಮಂಡಲದಲ್ಲಿ ಆಡಿಸಿದವನು ಕಡೆಗೆ ಒಳಗಿನ ಕುದುರೆಗಳನ್ನು ನಿಲ್ಲಿಸಿದನೆಂಬ ಅರ್ಥವನ್ನು ಆ ಕಂಬದ ಮುಂದೆ ನಿಂತ ಆರಾಧಕರು ಗ್ರಹಿಸಿರಲಾರರೆನ್ನುವುದು ಕಷ್ಟ.

ಉತ್ತರಾಧ್ಯಯನದ ಕೇಶಿ-ಗೌತಮ ಸಂವಾದದಲ್ಲಿ ಮನಸ್ಸೆಂಬ ದುಷ್ಟಾಶ್ವದ ಪ್ರಸಂಗ ಬರುತ್ತದೆ. ಗೌತಮರು ಅದನ್ನು ಹಿಡಿಯುವುದು ಶ್ರುತವೆಂಬ ಹಗ್ಗದಿಂದ. ಅದು ಜಾತ್ಯಶ್ವದಂತಾಗುವುದು ಧರ್ಮಶಿಕ್ಷೆಯಿಂದ. ಅದೇ ಗ್ರಂಥದ ಮೊದಲನೆಯ ಅಧ್ಯಯನದಲ್ಲಿ ಗಳಿ ಅಶ್ವವು ಮತ್ತೆ ಮತ್ತೆ ಚಾವಟಿಯನ್ನು ಬಯಸುತ್ತದೆ, ಆಕೀರ್ಣಾಶ್ವವು ಚಾವಟಿಯನ್ನು ಕಂಡಷ್ಟಕ್ಕೇ ತಿದ್ದಿಕೊಳ್ಳುತ್ತದೆ. ಹಗ್ಗವನ್ನೂ ಶಿಕ್ಷೆಯನ್ನೂ ಹೇಳುವಾಗ ಈ ಆಚಾರ್ಯರು ಹೊಡೆತವನ್ನು ಆದರ್ಶವಾಗಿ ಹೇಳಿಲ್ಲವೆಂಬುದು ಲಕ್ಷ್ಯಾರ್ಹ.

6

ಇಲ್ಲಿ ಶ್ರಾವಕಾಚಾರದ ಪ್ರಶ್ನೆಯೊಂದು ಏಳುತ್ತದೆ. ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯವು ಅಹಿಂಸಾಣುವ್ರತದ ಐದು ಅತಿಚಾರಗಳನ್ನು ಎಣಿಸುವಾಗ 'ಬಂಧ'ವನ್ನೇ ಮೊದಲು ಹೇಳುತ್ತದೆ; ವಧ, ಛೇದ, ಅತಿಭಾರಾರೋಪಣ, ಅನ್ನಪಾನನಿರೋಧಗಳು ಅನಂತರದವು. ಪೂಜ್ಯಪಾದರು ಸರ್ವಾರ್ಥಸಿದ್ಧಿಯಲ್ಲಿ ಬಂಧವನ್ನು, ಇಷ್ಟವಾದ ಸ್ಥಳಕ್ಕೆ ಹೋಗುವುದನ್ನು ತಡೆಯುವ ಕಾರಣವೆಂದು ವಿವರಿಸಿದ್ದಾರೆ. ಈ ಲಕ್ಷಣವು ಮೊಗಹಗ್ಗಕ್ಕೂ ಕಡಿವಾಣಕ್ಕೂ ಸಮಾನವಾಗಿ ಅನ್ವಯಿಸುತ್ತದೆ. ಹಾಗಾದರೆ ಕುದುರೆಯನ್ನು ಸಾಕಿದ ಶ್ರಾವಕನು, ಸೇನೆಯನ್ನು ನಡೆಸಿದ ಜೈನ ದಂಡನಾಯಕನು ನಿತ್ಯವೂ ಅತಿಚಾರಕ್ಕೆ ಗುರಿಯಾಗಿದ್ದನೆ?

ಆವಶ್ಯಕ ಚೂರ್ಣಿಯ ಪರಂಪರೆಯು ಬಂಧವನ್ನು ಸಾಪೇಕ್ಷ, ನಿರಪೇಕ್ಷವೆಂದು ವಿಭಾಗಿಸುತ್ತದೆ. ಅಲುಗಾಡದಂತೆ ಬಿಗಿದು ಕಟ್ಟುವುದು ನಿರಪೇಕ್ಷ. ಬೆಂಕಿ ಮುಂತಾದ ವಿಪತ್ತು ಬಂದಾಗ ಬಿಚ್ಚಲು ಅಥವಾ ಕತ್ತರಿಸಲು ಬರುವಂತೆ ಸಡಿಲವಾದ ಗಂಟಿನಿಂದ ಕಟ್ಟುವುದು ಸಾಪೇಕ್ಷ. ಹದಿಮೂರನೆಯ ಶತಮಾನದ ಆಶಾಧರಪಂಡಿತನು ಸಾಗಾರಧರ್ಮಾಮೃತದಲ್ಲಿ ಮೂರು ಮೆಟ್ಟಿಲುಗಳನ್ನು ಹೇಳುತ್ತಾನೆ: ನೈಷ್ಠಿಕನು ಪಶುಗಳಿಂದ ಜೀವಿಸುವುದನ್ನು ಬಿಡಲಿ, ಬಿಡದಿದ್ದರೆ ಬಂಧಾದಿಗಳಿಲ್ಲದೆ ಅವುಗಳನ್ನು ಉಪಯೋಗಿಸಲಿ, ಅದೂ ಆಗದಿದ್ದರೆ ಕಟ್ಟುವುದನ್ನಾದರೂ ನಿರ್ದಯವಾಗಿ ಮಾಡದಿರಲಿ. ಅತಿಚಾರದ ನಿರ್ಣಯವು ಹಗ್ಗದಲ್ಲಿಲ್ಲ, ಹಗ್ಗವನ್ನು ಹಿಡಿದವನ ಕಷಾಯದಲ್ಲಿದೆ ಎಂಬುದು ಇದರ ತಾತ್ಪರ್ಯ.

ಹೀಗಿರುವಾಗ ಎರಡು ಬೆರಳು ಆಡುವ ಸಡಿಲ, ಮೂಗಿನೆಲುಬಿನ ಮೇಲೆ ಪಟ್ಟಿಯ ಸ್ಥಾನ, ಗೂಟಕ್ಕೆ ಕಟ್ಟುವ ಮೊದಲಿನ ಅಭ್ಯಾಸ ಇವು ಕೇವಲ ಲಾಯದ ಸಂಗತಿಗಳಲ್ಲ. ಸಾಪೇಕ್ಷಬಂಧದ ಪ್ರತ್ಯಕ್ಷ ಲಕ್ಷಣಗಳು. ಭಾರತ ಸರಕಾರದ 1965ರ ಭಾರವಾಹಕ ಪ್ರಾಣಿಗಳ ಹಿಂಸಾನಿವಾರಣ ನಿಯಮಗಳು ಮುಳ್ಳುಗಳುಳ್ಳ ಕಡಿವಾಣವನ್ನು ನಿಷೇಧಿಸಿವೆ. ಶಾಸನವು ದಂಡದ ಭಯದಿಂದ ಹೇಳಿಸುವುದನ್ನು ನಮ್ಮ ಆಚಾರ್ಯರು ವ್ರತಶುದ್ಧಿಯ ಹೆಸರಿನಲ್ಲಿ ಹೇಳಿದ್ದರು.

ಮುಖಬಂಧ ಮತ್ತು ಖಲೀನಬಂಧಗಳನ್ನು ಒಂದೇ ಎಂದು ಬರೆದ ನನ್ನ ಟಿಪ್ಪಣಿಯ ದೋಷ ಇಲ್ಲಿ ಮತ್ತಷ್ಟು ಸ್ಪಷ್ಟವಾಗುತ್ತದೆ. ಅವೆರಡನ್ನು ಒಂದಾಗಿಸಿದರೆ ಮೃದುವಾದ ಬಂಧದಿಂದ ಕಠಿನವಾದ ಬಂಧದವರೆಗಿನ ತಾರತಮ್ಯವೇ ಅಳಿಸಿಹೋಗುತ್ತದೆ. ತಾರತಮ್ಯವಿಲ್ಲದಲ್ಲಿ ಅತಿಚಾರದ ವಿವೇಚನೆಗೆ ಎಡೆಯಿಲ್ಲ.

7

ಮೇಲಿನ ವಿವೇಚನೆಯಿಂದ ಸಿದ್ಧವಾಗುವ ಅಂಶಗಳು ಇವು. ಒಂದು, ಜ್ಞಾತಾಧರ್ಮಕಥೆಯ ಬಂಧಗಳ ಪಟ್ಟಿಯನ್ನು ಕ್ರಮಸೂಚಕವೆಂದು ಗ್ರಹಿಸಬೇಕು. ಸಂಕ್ಷೇಪಪಾಠವಿರುವ ಪ್ರತಿಗಳಿಗಿಂತ ಪೂರ್ಣಪಾಠವಿರುವ ಪ್ರತಿಗಳಿಗೆ ಇಲ್ಲಿ ಹೆಚ್ಚಿನ ಬೆಲೆ ಕೊಡಬೇಕು. ಎರಡು, ಕನ್ನಡದಲ್ಲಿ ಮುಖಬಂಧಕ್ಕೆ ಮೊಗಹಗ್ಗವೆಂದೂ ಖಲೀನಕ್ಕೆ ಕಡಿವಾಣವೆಂದೂ ವ್ಯವಸ್ಥಿತವಾಗಿ ಅನುವಾದಿಸಬೇಕು. ಮೂರು, ಕನ್ನಡ ಅಶ್ವಶಾಸ್ತ್ರದ ಓಲೆಗಳಲ್ಲಿ ಖಲೀನ ಶಬ್ದದ ಪಾಠಗಳನ್ನು ಮರುಪರಿಶೀಲಿಸಬೇಕು. ನನ್ನ ಹಳೆಯ ಟಿಪ್ಪಣಿಯನ್ನು ಆಧಾರವಾಗಿಟ್ಟುಕೊಂಡವರು ಅದನ್ನು ತಿದ್ದಿಕೊಳ್ಳಬೇಕೆಂದು ವಿನಂತಿ.

ಕಡೆಯದಾಗಿ ಒಂದು ಮಾತು. ಅದೇ ವರ್ಷ ಬೆಳಗೊಳದಿಂದ ಹಿಂತಿರುಗುವಾಗ ಆ ಹಳ್ಳಿಯಲ್ಲಿ ಮತ್ತೆ ಇಳಿದೆನು. ಆ ಕುದುರೆಯ ಬಾಯ ಹುಣ್ಣು ಮಾಯುತ್ತಿದ್ದಿತು. ವೃದ್ಧರು ಮೊಗಹಗ್ಗವನ್ನು ಹಿಡಿದು ಬಂದಾಗ ಅದು ತಾನಾಗಿಯೇ ತಲೆಯನ್ನು ತಗ್ಗಿಸಿ ಮೋರೆಯನ್ನು ಪಟ್ಟಿಯೊಳಗೆ ಚಾಚಿತು. ಆಕೀರ್ಣವೆಂದರೆ ಏನೆಂಬುದಕ್ಕೆ ಅಂದಿನಿಂದ ನಾನು ನಿಘಂಟನ್ನು ನೋಡಿಲ್ಲ.